ಕುರ್ಚಿಯಲ್ಲಿ ಉಸಿರು ಹಿಡಿದವರು

ಕೂದಲು ಕತ್ತರಿಸುವವರು ಗಿರಾಕಿಯ ಮುಖವನ್ನು ನೇರವಾಗಿ ನೋಡುವುದು ಕಡಿಮೆ. ಅವರಿಗೆ ನೇರವಾಗಿ ಕಾಣುವುದು ನೆತ್ತಿ, ಕಿವಿಯ ಹಿಂಭಾಗ, ಕತ್ತಿನ ಮೇಲಿನ ನವಿರು ಕೂದಲು. ಮುಖವೇನಿದ್ದರೂ ಕನ್ನಡಿಯಲ್ಲಿ. ಹತ್ತಾರು ವರ್ಷಗಳಿಂದ ಒಂದೇ ಸಲೂನಿನ ಒಂದೇ ಕುರ್ಚಿಯ ಹಿಂದೆ ನಿಂತು ದುಡಿದಿದ್ದ ಅಕ್ಕ, ಹೆಂಗಸರ ಮನಸ್ಸನ್ನು ಆ ಕನ್ನಡಿಯಲ್ಲೇ ಓದಲು ಕಲಿತಿದ್ದಳು. ಹುಬ್ಬು ತುಸು ಮೇಲೇರಿದರೆ ಕತ್ತರಿ ಅತಿಯಾಯಿತೆಂದು ಅರ್ಥ. ತುಟಿ ಒಳಕ್ಕೆ ಸರಿದರೆ ಹಣೆಯ ಮೇಲಿನ ಕೂದಲನ್ನು ಇನ್ನು ಮುಟ್ಟಬಾರದೆಂದು ಅರ್ಥ. ಆದ್ದರಿಂದ, ಹದಿನೈದು ದಿನಕ್ಕೊಮ್ಮೆ ತಪ್ಪದೆ ಬರುತ್ತಿದ್ದ ವಕೀಲೆ ಉಸಿರು ಹಿಡಿದದ್ದು ಅವಳಿಗೆ ತಕ್ಷಣ ಗೊತ್ತಾಯಿತು. ಅಕ್ಕ ಡ್ರೈಯರ್ ಹಿಡಿದು ತೋಳು ಎತ್ತಿದ್ದಳು; ಎತ್ತಿದ ತೋಳಿನ ಸಂದು ಕುಳಿತವರ ಮೂಗಿಗೆ ಸಮನಾಗಿ, ಒಂದು ಗೇಣು ದೂರದಲ್ಲಿತ್ತು. ವಕೀಲೆಯ ಮೂಗಿನ ಹೊಳ್ಳೆಗಳು ಚಿಕ್ಕದಾದವು, ಎದೆ ಅಲುಗಲಿಲ್ಲ. ತೋಳು ಇಳಿದ ಮೇಲೆ ಅವರು ಮೆಲ್ಲಗೆ ಉಸಿರು ಬಿಟ್ಟರು.

ಅದೇ ವಾರ ಸಲೂನಿನ ಒಡತಿ ಅವಳನ್ನು ಗಲ್ಲಾಪೆಟ್ಟಿಗೆಯ ಬಳಿಗೆ ಕರೆದರು.

"ನೋಡಮ್ಮ, ನಿನ್ನ ಗಿರಾಕಿಗಳಲ್ಲಿ ಕೆಲವರು ಬೇರೆ ಕುರ್ಚಿ ಕೇಳ್ತಿದಾರೆ. ಯಾಕೆ ಅಂದ್ರೆ ನಗ್ತಾರೆ, ಬಾಯಿ ಬಿಡಲ್ಲ."

"ಕೆಲಸದಲ್ಲೇನಾದ್ರೂ ತಪ್ಪಾಯ್ತಾ ಮೇಡಂ?"

"ಕೆಲಸಕ್ಕೆ ಹೆಸರಿಡೋ ಹಾಗೇ ಇಲ್ಲ. ಅದೇ ನಂಗೂ ಅರ್ಥ ಆಗ್ತಿಲ್ಲ. ತಿಂಗಳ ಕೊನೆ ತನಕ ನೋಡೋಣ. ಹೀಗೇ ಆದ್ರೆ ನೀನು ಹಿಂದುಗಡೆ ತಲೆ ತೊಳೆಯೋಕೆ ಹೋಗು. ಆ ಕುರ್ಚಿ ಹೊಸದಾಗಿ ಸೇರಿರೋ ಹುಡುಗಿಗೆ ಕೊಡ್ತೀನಿ. ಬೇಜಾರು ಮಾಡ್ಕೋಬೇಡ."

ತಲೆ ತೊಳೆಯುವ ಜಾಗ ಪರದೆಯ ಆಚೆಗಿತ್ತು. ಅಲ್ಲಿ ಕನ್ನಡಿಯಿಲ್ಲ, ಕತ್ತರಿಯಿಲ್ಲ. ಕೊಳಾಯಿ, ಶಾಂಪೂ, ಒದ್ದೆ ಟವೆಲ್ಲುಗಳು, ಅಷ್ಟೇ. ಕೆಲಸ ಕಲಿಯಲು ಬಂದವರು ಮೊದಲು ನಿಲ್ಲುವುದು ಅಲ್ಲಿಯೇ. ಅಕ್ಕ ಅಲ್ಲಿಂದಲೇ ಹೊರಟು ಒಂದು ಕುರ್ಚಿಯವರೆಗೆ ಬಂದವಳು. ಕತ್ತರಿ ಹಿಡಿಯುವುದನ್ನು ಬಿಟ್ಟರೆ ತನಗೆ ಇನ್ನೇನೂ ಚೆನ್ನಾಗಿ ಬರುವುದಿಲ್ಲವೆಂದು ಅವಳು ನಂಬಿದ್ದಳು. ಆ ನಂಬಿಕೆ ಬಹುಮಟ್ಟಿಗೆ ನಿಜವೂ ಆಗಿತ್ತು.

ಆ ಸಂಜೆ ಅವಳು ಅಡುಗೆಮನೆಯ ನಲ್ಲಿಯನ್ನು ಜೋರಾಗಿ ಬಿಟ್ಟು, ಆ ಸದ್ದಿನ ಮರೆಯಲ್ಲಿ ತಂಗಿಗೆ ಹೇಳಿದಳು: "ಅದು ನನ್ನಿಂದಲೇ ಕಣೇ. ನನ್ನ ಕಂಕುಳ ವಾಸನೆ."

ಸೂಕ್ಷ್ಮಜೀವಶಾಸ್ತ್ರದಲ್ಲಿ ಪದವಿ ಮುಗಿಸಿ, ಕೆಲಸ ಸಿಗುವವರೆಗೆ ಅಕ್ಕನ ಮನೆಯಲ್ಲಿದ್ದ ತಂಗಿ ತಟ್ಟೆ ಒರೆಸುವುದನ್ನು ನಿಲ್ಲಿಸಿದಳು. "ಯಾರು ಹೇಳಿದ್ರು?"

"ಇಂಥದನ್ನ ಯಾರಾದ್ರೂ ಹೇಳ್ತಾರಾ? ನಾನು ಕೈ ಎತ್ತಿದ್ರೆ ಸಾಕು, ಉಸಿರು ಹಿಡೀತಾರೆ. ಕನ್ನಡೀಲಿ ಕಾಣುತ್ತೆ."

"ಸಲೂನಲ್ಲಿ ಜೊತೆಗಿರೋರನ್ನ ಕೇಳ್ಬೇಕಿತ್ತು."

"ಅವರಿಗೆಲ್ಲಿ ಮೂಗಿದೆ? ದಿನವಿಡೀ ಹೇರ್ ಡೈ ವಾಸನೇಲಿ ಮುಳುಗಿರ್ತೀವಿ. ನಮ್ಮ ಮೇಡಂಗೆ ಬೆಂಕಿ ಬಿದ್ರೂ ಗೊತ್ತಾಗಲ್ಲ."

ಕಾರುಗಳಿಗೆ ಬಣ್ಣ ಹೊಡೆಯುವ ಗ್ಯಾರೇಜಿನಲ್ಲಿ ದುಡಿಯುವ ಭಾವ ಆಗಷ್ಟೇ ಒಳಗೆ ಬಂದು ಚಪ್ಪಲಿ ಬಿಡುತ್ತಿದ್ದರು. "ನನ್ನನ್ನಂತೂ ಕೇಳ್ಬೇಡಿ ಮಾರಾಯ್ತಿ. ಥಿನ್ನರ್ ಕುಡಿದೂ ಕುಡಿದೂ ನನ್ನ ಮೂಗು ಈಗ ಕನ್ನಡಕ ಇಡೋಕೆ ಮಾತ್ರ."

"ರೀ, ಇದು ತಮಾಷೆ ಅಲ್ಲ."

"ತಮಾಷೆ ಎಲ್ಲಿ ಮಾಡ್ದೆ? ಮೊನ್ನೆ ಹಾಲು ಉಕ್ಕಿ, ಹೊತ್ತಿ, ಪಾತ್ರೆ ಕರಕಲಾಗೋ ತನಕ ಪಕ್ಕದಲ್ಲೇ ಪೇಪರ್ ಓದ್ತಾ ಕೂತಿದ್ದೆ. ಮರೆತ್ಯಾ?"

ಅಕ್ಕ ನಗಲಿಲ್ಲ. ತಂಗಿ ಬಚ್ಚಲುಮನೆಯ ಗೂಡನ್ನು ನೋಡಿ ಬಂದಳು. ಅಲ್ಲಿ ಒಂದು ರೋಲ್‌ಆನ್, ಎರಡು ಸ್ಪ್ರೇ ಡಬ್ಬಿಗಳಿದ್ದವು; ಅಕ್ಕನ ಕೈಚೀಲದಲ್ಲಿ ಇನ್ನೊಂದಿತ್ತು. ಬೆಳಿಗ್ಗೆ ಹಚ್ಚುವುದು, ಮಧ್ಯಾಹ್ನ ಹೊಡೆದುಕೊಳ್ಳುವುದು, ಮುಖ್ಯ ಗಿರಾಕಿ ಬರುವ ಮುಂಚೆ ಮತ್ತೊಮ್ಮೆ. ಸಂದೇಹ ಹೆಚ್ಚಿದಂತೆ ಡಬ್ಬಿಗಳೂ ಹೆಚ್ಚಿದ್ದವು.

"ಬೆವರಿಗೆ ತನ್ನದು ಅಂತ ವಾಸನೆ ಹೆಚ್ಚುಕಡಿಮೆ ಇಲ್ಲವೇ ಇಲ್ಲ ಅಕ್ಕಾ," ಎಂದಳು ತಂಗಿ. "ಚರ್ಮದ ಮೇಲೆ ಬ್ಯಾಕ್ಟೀರಿಯಾ ಇರ್ತವಲ್ಲ, ಅವು ಬೆವರನ್ನ ತಿಂದು ಒಡೆದಾಗ ವಾಸನೆ ಹುಟ್ಟುತ್ತೆ."

"ಅಯ್ಯೋ, ಅವಕ್ಕೆ ಊಟ ಬೇರೆ ಹಾಕ್ತಿದೀನಾ ನಾನು?"

"ಎಲ್ಲರೂ ಹಾಕ್ತಾರೆ. ಡಿಯೋಡರೆಂಟ್ ಆ ಬ್ಯಾಕ್ಟೀರಿಯಾನ ಕಡಿಮೆ ಮಾಡುತ್ತೆ, ಇಲ್ಲಾ ಸೆಂಟಿಂದ ವಾಸನೇನ ಮುಚ್ಚುತ್ತೆ. ಬೆವರೇ ಬರದ ಹಾಗೆ ತಡೆಯೋದು ಇನ್ನೊಂದು ಬಗೆ. ದಿನಾ ಹಚ್ಚೋರ ಕಂಕುಳಲ್ಲಿ ಇರೋ ಬ್ಯಾಕ್ಟೀರಿಯಾನೇ ಬೇರೆ ಥರ, ಹಚ್ಚದೇ ಇರೋರದ್ದೇ ಬೇರೆ ಥರ. ಅದಕ್ಕೇ ನಿನಗೆ ಇದು ಸಹಾಯ ಮಾಡ್ತಿದೆಯಾ ಇಲ್ವಾ ಅಂತ ಸುಮ್ನೆ ಕೂತು ಹೇಳೋಕಾಗಲ್ಲ. ನೋಡ್ಬೇಕು."

"ನೀನೇ ಮೂಸಿ ನೋಡು."

ತಂಗಿ ಮೂಸಿದಳು. ಗೊತ್ತಿದ್ದ ಪರಿಮಳದ ಹೊರತು ಬೇರೇನೂ ತಿಳಿಯಲಿಲ್ಲ. ಆದರೆ ಒಂದೇ ಮನೆಯ ಗಾಳಿಗೆ ಒಗ್ಗಿದ ಮೂಗನ್ನು ಸಾಕ್ಷಿಯಾಗಿ ನಿಲ್ಲಿಸುವುದು ತಪ್ಪೆಂದು ಅವಳಿಗೆ ಅನ್ನಿಸಿತು. ಜೊತೆಗೆ, ಅಕ್ಕನ ಬಗ್ಗೆ ಕೆಟ್ಟದ್ದನ್ನು ಕಂಡುಹಿಡಿಯಲು ತನ್ನ ಮೂಗು ಮನಸ್ಸಿನ ಅಪ್ಪಣೆ ಕೇಳುವುದೆಂಬ ಗುಮಾನಿಯೂ ಇತ್ತು. ತೀರ್ಪು ಹೇಳಬೇಕಾದವರು ಗಿರಾಕಿಗಳೇ, ಅದೂ ತಾವು ತೀರ್ಪು ಹೇಳುತ್ತಿದ್ದೇವೆಂದು ತಿಳಿಯದೆ.

ಅವಳು ಯೋಚಿಸಿದ ಪರೀಕ್ಷೆ ಸರಳವಾಗಿತ್ತು. ಅಕ್ಕ ಒಂದು ಕಂಕುಳಿಗೆ ಎಂದಿನಂತೆ ಹಚ್ಚಬೇಕು, ಇನ್ನೊಂದನ್ನು ಸೋಪಿನಿಂದ ತೊಳೆದು ಹಾಗೇ ಬಿಡಬೇಕು. ಚರ್ಮ ಒಂದು ಹದಕ್ಕೆ ಬರಲು ಕೆಲವು ದಿನ ಕಾಯಬೇಕು. ಆಮೇಲೆ, ಅಕ್ಕ ಯಾವ ಕೈಯಲ್ಲಿ ಡ್ರೈಯರ್ ಎತ್ತಿದಾಗ ಗಿರಾಕಿಯ ಮುಖ ಬಿಗಿಯುತ್ತದೆಂದು ತಂಗಿ ದೂರದಿಂದ ನೋಡಬೇಕು. ಅಕ್ಕ ತಲೆಯ ಎಡಭಾಗ ಒಣಗಿಸುವಾಗ ಡ್ರೈಯರನ್ನು ಎಡಗೈಯಲ್ಲಿ, ಬಲಭಾಗಕ್ಕೆ ಬಲಗೈಯಲ್ಲಿ ಹಿಡಿಯುತ್ತಿದ್ದಳು. ಹೀಗಾಗಿ ಗೊಂದಲಕ್ಕೆ ಆಸ್ಪದವಿರಲಿಲ್ಲ.

"ಯಾವ ಕಡೆ ಹಚ್ಚಿದೀಯ ಅಂತ ನಂಗೆ ಹೇಳ್ಬೇಡ," ಎಂದಳು ತಂಗಿ. "ಗೊತ್ತಾದ್ರೆ ನನ್ನ ಕಣ್ಣು ಅದನ್ನೇ ಹುಡುಕುತ್ತೆ."

"ಅರ್ಧ ಮೈಗೆ ಮಾತ್ರ ಮರ್ಯಾದೆ ಇಟ್ಕೊಂಡು ಕೆಲಸಕ್ಕೆ ಹೋಗು ಅಂತೀಯ."

"ಈಗ ಹೇಗಿದ್ರೂ ಪೂರ್ತಿ ಹೋಗ್ತಿದೆ ಅಂತೀಯಲ್ಲ," ಎಂದರು ಭಾವ. "ಅರ್ಧ ಉಳಿದ್ರೂ ಲಾಭ."

ಅಕ್ಕ ಅವರತ್ತ ಒದ್ದೆ ಬಟ್ಟೆ ಎಸೆದಳು. ಆದರೆ ಒಪ್ಪಿಕೊಂಡಳು.

ಜನ ಹೆಚ್ಚಿರುವ ಒಂದು ಮಧ್ಯಾಹ್ನ ತಂಗಿ ಸಲೂನಿನ ಹಿಂಬದಿಯ ಬೆಂಚಿನಲ್ಲಿ ಪತ್ರಿಕೆ ಹಿಡಿದು ಕುಳಿತಳು. ಬೆಂಚಿಗೂ ಕುರ್ಚಿಗೂ ನಡುವೆ ಬಣ್ಣದ ಡಬ್ಬಿಗಳನ್ನು ಜೋಡಿಸಿಟ್ಟ ಕಪಾಟು ನಿಂತಿತ್ತು. ಅಕ್ಕನ ಬೆನ್ನು ಅದರ ಮರೆಯಲ್ಲಿ ಮುಚ್ಚಿಹೋಗಿ, ಕಪಾಟಿನ ಮೇಲಿನಿಂದ ಎದುರಿನ ದೊಡ್ಡ ಕನ್ನಡಿಯಷ್ಟೇ ಕಾಣುತ್ತಿತ್ತು. ಅಷ್ಟು ಸಾಕಾಗಿತ್ತು. ಕನ್ನಡಿಯೊಳಗೆ ಒಬ್ಬರ ನಂತರ ಒಬ್ಬರು ಬಂದು ಕುಳಿತರು; ಅಕ್ಕ ತೋಳು ಎತ್ತಿದಳು, ಇಳಿಸಿದಳು, ಡ್ರೈಯರನ್ನು ಕೈಯಿಂದ ಕೈಗೆ ಬದಲಿಸಿದಳು. ಅವಳು ಮಾತ್ರ ಆ ದಿನ ಕನ್ನಡಿಯತ್ತ ಒಮ್ಮೆಯೂ ಕಣ್ಣೆತ್ತಲಿಲ್ಲ. ಕೂದಲಿನ ಬೇರಿನಲ್ಲೇ ದೃಷ್ಟಿ ನೆಟ್ಟಿದ್ದಳು. ತಂಗಿ ಕಣ್ಣಲ್ಲಿ ಕಣ್ಣಿಟ್ಟು ನೋಡಿದಳು. ಸಂಶಯಕ್ಕೆ ಎಡೆಯೇ ಇರಲಿಲ್ಲ: ಒಂದು ಕೈ ಮೇಲಿದ್ದಾಗ ಮುಖಗಳು ಸಹಜವಾಗಿದ್ದವು, ಇನ್ನೊಂದು ಕೈ ಮೇಲೇರಿದಾಗ ಹೊಳ್ಳೆಗಳು ಮುಚ್ಚಿಕೊಳ್ಳುತ್ತಿದ್ದವು, ಕತ್ತು ಆಚೆಗೆ ವಾಲುತ್ತಿತ್ತು.

ಮನೆಗೆ ನಡೆದು ಹೋಗುವಾಗ ಅವಳು ಹೇಳಿದಳು: "ಬಲಗೈ. ನೀನು ಬಲಗೈಲಿ ಡ್ರೈಯರ್ ಹಿಡಿದಾಗ."

ಅಕ್ಕ ನಿಂತೇಬಿಟ್ಟಳು. ಹಿಂದಿನಿಂದ ಬರುತ್ತಿದ್ದ ಸೈಕಲ್ಲಿನವನು ಗಂಟೆ ಬಾರಿಸಿ ಪಕ್ಕಕ್ಕೆ ತಿರುಗಿಸಿಕೊಂಡು ಹೋದ.

"ಬಲಗಡೆ ನಾನು ಏನೂ ಹಚ್ಚಿರ್ಲಿಲ್ಲ," ಎಂದಳು.

ಇಬ್ಬರಿಗೂ ಅರ್ಥವಾಯಿತು. ಅಂದರೆ ವಾಸನೆ ಮೈಯದೇ. ಈವರೆಗೆ ಅದನ್ನು ಅಷ್ಟಿಷ್ಟಾದರೂ ಮುಚ್ಚಿಟ್ಟಿದ್ದು ಆ ಡಬ್ಬಿಗಳೇ. ತಂಗಿಗೆ ಸಮಾಧಾನದ ಮಾತುಗಳು ಗೊತ್ತಿದ್ದವು. ಆದರೆ ತಾನೇ ಕಟ್ಟಿದ ಪರೀಕ್ಷೆಯ ಫಲಿತಾಂಶದೆದುರು ಅವು ನಿಲ್ಲುವಂತಿರಲಿಲ್ಲ. "ಹಚ್ಚೋದು ಬಿಡ್ಬೇಡ ಅಕ್ಕಾ. ಇನ್ನೂ ಸ್ವಲ್ಪ ಜಾಸ್ತಿನೇ ಹಚ್ಚು," ಎಂದಷ್ಟೇ ಹೇಳಿದಳು.

ಅಕ್ಕ ಹಾಗೆಯೇ ಮಾಡಿದಳು. ಚರ್ಮ ಕೆಂಪಾಗುವವರೆಗೆ ಉಜ್ಜಿದಳು, ರೋಲ್‌ಆನಿನ ಮೇಲೆ ಸ್ಪ್ರೇ ಹೊಡೆದಳು, ಗಿರಾಕಿಗೊಮ್ಮೆ ಹಿಂದಿನ ಕೋಣೆಗೆ ಹೋಗಿ ಬಂದಳು. ತಿಂಗಳು ಮುಗಿಯುವ ಮೊದಲೇ ವಕೀಲೆ, ಹೊಸಬಳು ಕೈ ಪಳಗಿಸಿಕೊಳ್ಳುತ್ತಿದ್ದ ಪಕ್ಕದ ಕುರ್ಚಿಗೆ ಹೋಗಿ ಕುಳಿತರು. ಕುಳಿತವರು ಅಕ್ಕನತ್ತ ನೋಡಿ ನಕ್ಕರು. ಆ ನಗುವಿನಲ್ಲಿ ಕರುಣೆಯಿತ್ತು. ಸಂಜೆ ಒಡತಿ, "ಸೋಮವಾರದಿಂದ ಹಿಂದುಗಡೆ ಬಾಮ್ಮ," ಎಂದರು.

ಭಾನುವಾರ ಸಲೂನಿಗೆ ರಜೆ. ತನ್ನ ಕತ್ತರಿ, ಬಾಚಣಿಗೆಗಳನ್ನು ತೆಗೆದಿಟ್ಟು ಕುರ್ಚಿಯನ್ನು ಹೊಸಬಳಿಗೆ ಒಪ್ಪವಾಗಿ ಬಿಟ್ಟುಕೊಡಲು ಅಕ್ಕ ಬೀಗದ ಕೈ ಇಸಿದುಕೊಂಡು ಹೊರಟಳು. ತಂಗಿಯೂ ಜೊತೆಗೆ ಹೋದಳು. ಬಣ್ಣದ ಡಬ್ಬಿಗಳಿಗೆಲ್ಲ ಮುಚ್ಚಳ ಬಿದ್ದಿತ್ತು. ಕಿಟಕಿ ತೆರೆದಾಗ ಬೀದಿಯ ತಣ್ಣನೆಯ ಗಾಳಿ ಒಳಬಂದು ಕೋಣೆಯನ್ನು ತೊಳೆದಂತಾಯಿತು. ಅಕ್ಕ ಕುರ್ಚಿಯ ಚರ್ಮವನ್ನು ಒರೆಸಿ, ಅದರ ಬೆನ್ನನ್ನು ಒಮ್ಮೆ ತಟ್ಟಿದಳು.

"ಬಾ, ಕೂತ್ಕೋ. ನಿನ್ನ ತಲೆ ಕಾಗೆ ಗೂಡಾಗಿದೆ. ಈ ಕುರ್ಚೀಲಿ ನನ್ನ ಕೊನೇ ಗಿರಾಕಿ ನೀನೇ ಆಗು."

"ಹಾಗೆಲ್ಲ ಮಾತಾಡ್ಬೇಡ."

"ಮತ್ತೆ ಹೇಗೆ ಮಾತಾಡ್ಲಿ? ತಲೆ ನೆಟ್ಟಗೆ ಇಡು. ಕಾಲ ಮೇಲೆ ಕಾಲು ಹಾಕ್ಬೇಡ, ಹೆಗಲು ಓರೆಯಾಗುತ್ತೆ."

ಕತ್ತರಿ ಕೆಲಸ ಮುಗಿಯಿತು. ಅಕ್ಕ ಡ್ರೈಯರ್ ಹಚ್ಚಿ ತೋಳು ಎತ್ತಿದಳು. ಬಿಸಿಗಾಳಿ ತಂಗಿಯ ಎಡಗೆನ್ನೆಗೆ ಬಡಿಯಿತು. ಅದರ ಜೊತೆಗೇ ಹೂವು, ಮದ್ಯಸಾರ, ಸಕ್ಕರೆಪಾಕ ಎಲ್ಲವನ್ನೂ ಕಲಸಿ ಕಾಯಿಸಿದಂಥ ದಟ್ಟ ಪರಿಮಳವೊಂದು ಅವಳ ಗಂಟಲಿಗೆ ನುಗ್ಗಿತು. ತನಗರಿವಿಲ್ಲದೆ ಅವಳು ಉಸಿರು ಹಿಡಿದಳು.

ಅಕ್ಕ ಕನ್ನಡಿಯಲ್ಲಿ ಅದನ್ನು ನೋಡಿದಳು. ಡ್ರೈಯರ್ ಆರಿಸದೆಯೇ, "ನೀನೂ ಹಿಡಿದ್ಯಲ್ಲ," ಎಂದಳು. ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಸಿಟ್ಟಿದ್ದಿದ್ದರೆ ಚೆನ್ನಾಗಿರುತ್ತಿತ್ತು.

ತಂಗಿ ಕನ್ನಡಿಯನ್ನೇ ನೋಡುತ್ತಿದ್ದಳು. ಗಾಳಿಯ ಬಿಸಿ ಎಡಗೆನ್ನೆಯ ಮೇಲಿತ್ತು. ಕನ್ನಡಿಯಲ್ಲಿ ಡ್ರೈಯರ್ ಕಾಣುತ್ತಿದ್ದದ್ದೂ ಎಡಗಡೆಗೇ.

"ಅಕ್ಕಾ, ಡ್ರೈಯರ್ ಯಾವ ಕೈಲಿದೆ?"

"ಎಡಗೈಲಿ. ಯಾಕೆ, ಕಾಣಲ್ವಾ?"

"ಕಾಣ್ತಿದೆ. ಎಡಗಡೆಗೇ ಕಾಣ್ತಿದೆ." ಅವಳು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದಳು. "ಆವತ್ತು ಬೆಂಚಲ್ಲಿ ಕೂತು ನೋಡ್ದಾಗಲೂ ಎಡಗಡೆಗೇ ಕಂಡಿತ್ತು. ನಾನೇ ಅದನ್ನ ಬಲಗೈ ಅಂತ ತಿರುಗಿಸ್ಕೊಂಡೆ."

"ಏನು ಹೇಳ್ತಿದೀಯ, ನನಗೊಂದೂ ಅರ್ಥ ಆಗ್ತಿಲ್ಲ."

ಸೂಕ್ಷ್ಮದರ್ಶಕದ ಕೆಳಗೆ ಗಾಜಿನ ಪಟ್ಟಿಯನ್ನು ಎಡಕ್ಕೆ ಸರಿಸಿದರೆ ಬಿಂಬ ಬಲಕ್ಕೆ ಓಡುತ್ತದೆ. ವರ್ಷಗಟ್ಟಲೆ ಅದರ ಮುಂದೆ ಕುಳಿತವರ ಬುದ್ಧಿ, ಕಂಡದ್ದನ್ನು ಕೇಳದೆಯೇ ತಿರುಗಿಸಿ ಓದುತ್ತದೆ. ಕನ್ನಡಿಯೂ ಎಡಬಲವನ್ನು ಅದಲುಬದಲು ಮಾಡುತ್ತದೆಂಬ ಎಲ್ಲರ ಬಾಯಿಮಾತು ಅದಕ್ಕೆ ಜೊತೆಗೂಡಿತ್ತು. ಆದರೆ ಕನ್ನಡಿಗೆ ಮುಖಮಾಡಿ ನಿಂತವರ ಎಡಗೈ, ಅವರ ಹಿಂದೆ ಕುಳಿತು ನೋಡುವವರಿಗೆ ಕನ್ನಡಿಯಲ್ಲೂ ಎಡಬದಿಗೇ ಕಾಣುತ್ತದೆ. ತಿರುಗಿಸಬೇಕಾದದ್ದು ಅಲ್ಲಿ ಏನೂ ಇರಲಿಲ್ಲ. ಪ್ರತಿ ದಿನ ಕನ್ನಡಿಯಲ್ಲೇ ದುಡಿಯುವ ಅಕ್ಕ ಕಣ್ಣೆತ್ತಿ ನೋಡಿದ್ದರೆ ಈ ತಪ್ಪು ಆಗುತ್ತಲೇ ಇರಲಿಲ್ಲ. ಎಚ್ಚರ ಹೆಚ್ಚಾದದ್ದರಿಂದಲೇ ತಂಗಿ ಎಡವಿದ್ದಳು.

"ಅವರು ಉಸಿರು ಹಿಡಿದದ್ದು ನಿನ್ನ ಎಡಗೈಗೆ," ಎಂದಳು ತಂಗಿ. "ನೀನು ಹಚ್ಚಿದ್ದ ಕೈಗೆ. ಬರೀ ಸೋಪು ಹಾಕಿ ತೊಳೆದ ಕೈಗೆ ಯಾರೂ ಏನೂ ಮಾಡಿರ್ಲಿಲ್ಲ. ನಿನ್ನ ಮೈ ವಾಸನೆ ಅಲ್ಲ ಅಕ್ಕಾ, ಆ ಡಬ್ಬಿಗಳದ್ದು. ಡ್ರೈಯರ್ ಬಿಸಿಗೆ ಸೆಂಟು ಕಾದು ಮುಖಕ್ಕೇ ಹೊಡೆಯುತ್ತೆ."

ಅಕ್ಕ ಡ್ರೈಯರ್ ಆರಿಸಿದಳು. ಸದ್ದು ನಿಂತ ಮೇಲೆ ಕೋಣೆ ತುಂಬ ದೊಡ್ಡದಾದಂತೆ ಅನ್ನಿಸಿತು.

"ನಿನ್ನ ಮಾತು ಕೇಳಿ ಎರಡೆರಡು ಸಲ ಹೊಡ್ಕೊಂಡೆ ನಾನು. ಉಜ್ಜಿ ಉಜ್ಜಿ ಚರ್ಮ ಕಿತ್ತು ಬಂತು. ಲಾಯರಮ್ಮ ಎದ್ದು ಹೋದದ್ದು ಅದಾದ ಮೇಲೆ."

"ಹೌದು. ತಪ್ಪು ನಂದೇ."

"ಇಷ್ಟೊಂದು ಓದಿದೀಯ, ಎಡ ಯಾವುದು ಬಲ ಯಾವುದು ಅಂತ ಗೊತ್ತಾಗ್ಲಿಲ್ವಾ ನಿನಗೆ?" ಅಕ್ಕನ ದನಿ ಕೊನೆಗೂ ಏರಿತು. ಬಾಚಣಿಗೆಯನ್ನು ಅವಳು ಮೇಜಿನ ಮೇಲೆ ಎಸೆದಳು. ತುಸು ಹೊತ್ತಿನ ಬಳಿಕ ತಾನೇ ಅದನ್ನು ಎತ್ತಿ, ಹಲ್ಲುಗಳಲ್ಲಿ ಸಿಕ್ಕಿದ ಕೂದಲನ್ನು ಬಿಡಿಸತೊಡಗಿದಳು. "ಈಗ ಹೇಳ್ತಿರೋದಾದ್ರೂ ಸರಿ ಅಂತ ಏನು ಗ್ಯಾರಂಟಿ?"

ತಂಗಿಗೆ ಸರಿಯೇ ಎನ್ನುವ ಆಸೆಯಾಯಿತು. ಆದರೆ ಅಷ್ಟು ಗಟ್ಟಿಯಾಗಿ ಹೇಳುವ ಹಕ್ಕು ತನಗಿಲ್ಲವೆಂದು ಅವಳಿಗೆ ಗೊತ್ತಿತ್ತು. ನೋಡಿದ್ದು ಒಂದೇ ಒಂದು ಮಧ್ಯಾಹ್ನ, ಬೆರಳೆಣಿಕೆಯ ಗಿರಾಕಿಗಳನ್ನು. ಬೇಸಿಗೆಯಲ್ಲಿ ಬೇರೆಯಾಗಬಹುದು. ಸಂಜೆಯ ಹೊತ್ತಿಗೆ ತೊಳೆದ ಕೈಯಿಂದಲೂ ವಾಸನೆ ಬರಬಹುದು, ಬರುವುದೇ ಸಹಜ. ಮುಖವೊಂದು ಬಿಗಿಯಾಯಿತೆಂಬುದನ್ನು ಕಣ್ಣು ಕಾಣುತ್ತದೆ. ಯಾಕೆ ಬಿಗಿಯಾಯಿತೆಂಬುದನ್ನು ಊಹಿಸುತ್ತದಷ್ಟೇ.

"ಗ್ಯಾರಂಟಿ ಇಲ್ಲ," ಎಂದಳು. "ನೋಡಿ ತಿಳ್ಕೊಳ್ಳೋದಕ್ಕಿಂತ ಕೇಳಿ ತಿಳ್ಕೊಳ್ಳೋದೇ ವಾಸಿ. ಮೊದಲೇ ಮಾಡ್ಬೇಕಿತ್ತು."

"ಯಾರನ್ನ ಕೇಳೋದು?"

"ಉಸಿರು ಹಿಡಿದೋರನ್ನೇ."

"ಚೆನ್ನಾಗಿದೆ. ಹೋಗಿ 'ನನ್ನ ಕಂಕುಳು ನಾರುತ್ತಾ ಮೇಡಂ' ಅಂತ ಕೇಳ್ಲಾ? ನಾಚಿಕೆ ಮಾನ ಬೇಡ್ವಾ?"

ತಂಗಿ ಕುರ್ಚಿಯಿಂದ ಎದ್ದು ಕೊರಳಿನ ಬಟ್ಟೆ ಬಿಚ್ಚಿದಳು. ಅರ್ಧ ಒಣಗಿದ ತಲೆಯಲ್ಲೇ ಅಕ್ಕನ ಜೊತೆ ಮನೆಗೆ ಮರಳಿದಳು.

ಸೋಮವಾರ ಬೆಳಿಗ್ಗೆ ಅಕ್ಕ ಸ್ನಾನ ಮಾಡಿ, ಸಲೂನಿನಲ್ಲಿ ದಿನವೂ ತೊಡುತ್ತಿದ್ದ ನೈಲಾನಿನ ಕೋಟನ್ನು ಬಿಟ್ಟು ತೆಳುವಾದ ಹತ್ತಿಯ ಅಂಗಿ ತೊಟ್ಟು, ಬಚ್ಚಲಿನ ಗೂಡಿನ ಮುಂದೆ ಬಹಳ ಹೊತ್ತು ನಿಂತಳು. ಕೊನೆಗೆ ಯಾವುದನ್ನೂ ಮುಟ್ಟದೆ ಹೊರಟಳು. ದಾರಿಯುದ್ದಕ್ಕೂ ತೋಳುಗಳನ್ನು ಮೈಗೆ ಅಂಟಿಸಿಕೊಂಡೇ ನಡೆದಳು. ಕಂಕುಳಲ್ಲಿ ಮೊಟ್ಟೆ ಅಡಗಿಸಿಕೊಂಡವಳಂತೆ ಕಾಣುತ್ತಿದ್ದಳೆಂದು ಭಾವ ಆಮೇಲೆ ಹೇಳಿದರು.

ಪರದೆಯ ಹಿಂದೆ ಅವಳ ಪಾಲಿಗೆ ಮೊದಲು ಬಂದವರೇ ವಕೀಲೆ. ಒಂದು ಸಮಾರಂಭಕ್ಕೆ ಹೋಗಬೇಕಿದ್ದುದರಿಂದ ತಲೆ ತೊಳೆಸಿ, ಕೂದಲಿಗೆ ಒಂದು ಆಕಾರ ಕೊಡಿಸಿಕೊಳ್ಳಲು ಬಂದಿದ್ದರು. ಅವರು ಕತ್ತನ್ನು ಬೋಗುಣಿಯ ಅಂಚಿಗೆ ಒರಗಿಸಿ ಮಲಗಿದಾಗ, ಅವರ ಮುಖ ತಲೆಕೆಳಗಾಗಿ ಅಕ್ಕನ ಮುಖದ ನೇರಕ್ಕೆ ಬಂತು. ಇಲ್ಲಿ ಇಬ್ಬರ ನಡುವೆ ಗಾಜಿರಲಿಲ್ಲ. ಅಕ್ಕ ನೀರಿನ ಬಿಸಿಯನ್ನು ಮಣಿಕಟ್ಟಿನಲ್ಲಿ ನೋಡಿ, ಕೂದಲು ನೆನೆಸಿ, ನೊರೆ ಎಬ್ಬಿಸಿದಳು. ಆಮೇಲೆ ಒಮ್ಮೆಲೇ ಹೇಳಿಬಿಟ್ಟಳು.

"ಮೇಡಂ, ಒಂದು ಮಾತು ಕೇಳ್ತೀನಿ, ತಪ್ಪು ತಿಳ್ಕೋಬೇಡಿ. ನನ್ನ ಕುರ್ಚಿ ಯಾಕೆ ಬಿಟ್ರಿ?"

ವಕೀಲೆ ಕಣ್ಣು ತೆರೆದರು. "ಅದಾ... ಹಾಗೇನಿಲ್ಲಮ್ಮ, ಸುಮ್ನೆ."

"ನನ್ನ ಮೈ ವಾಸನೆಗಾ?"

ನೀರು ಹರಿಯುತ್ತಲೇ ಇತ್ತು. ಕೋರ್ಟಿನಲ್ಲಿ ಮಾತಿಗೆ ಎಂದೂ ತಡವರಿಸದವರೆಂದು ಹೆಸರಾದ ಆ ಹೆಂಗಸು ಒಂದೆರಡು ಬಾರಿ ಬಾಯಿ ತೆರೆದು ಮುಚ್ಚಿದರು.

"ಮೈ ವಾಸನೆ ಅಲ್ಲ ಕಣಮ್ಮ. ನೀವು ಹಾಕ್ಕೊಳ್ಳೋ ಸೆಂಟು. ನಂಗೆ ತಲೆನೋವು ಬರುತ್ತೆ, ಒಂದೊಂದ್ಸಲ ವಾಂತಿ ಬಂದ ಹಾಗಾಗುತ್ತೆ. ಹೇಳೋಣ ಅಂತ ಎಷ್ಟು ಸಲ ಅನ್ಕೊಂಡೆ. ಆದ್ರೆ ವಾಸನೆ ಅನ್ನೋ ಪದ ಬಾಯಿಂದ ಬಂದ ಮೇಲೆ ನೀವು ಮಿಕ್ಕಿದ್ದನ್ನ ಕೇಳಿಸ್ಕೊಳ್ತೀರಾ? ಮನಸ್ಸಿಗೆ ಎಲ್ಲಿ ನೋವಾಗುತ್ತೋ ಅಂತ ಸುಮ್ನಾದೆ."

"ಈಗ ಬರ್ತಿದೆಯಾ?"

ವಕೀಲೆ ಆಳವಾಗಿ ಉಸಿರೆಳೆದರು. ಅಕ್ಕನ ಎರಡೂ ತೋಳುಗಳು ಅವರ ಮುಖದ ಮೇಲೆಯೇ ಚಾಚಿದ್ದವು. "ಶಾಂಪೂ ವಾಸನೆ ಬರ್ತಿದೆ," ಎಂದರು. "ಇವತ್ತು ನೀವೇ ಕೂದಲು ಮಾಡಿಕೊಡಿ. ನಿಮ್ಮ ಮೇಡಂ ಹತ್ರ ನಾನೇ ಹೇಳ್ತೀನಿ. ಆ ಹೊಸ ಹುಡುಗಿ ಒಳ್ಳೆಯವಳೇ, ಆದ್ರೆ ಅವಳು ಕತ್ತರಿಸಿದ್ರೆ ನಾನು ಸ್ಕೂಲ್ ಹುಡುಗನ ಥರ ಕಾಣ್ತೀನಿ."

ಒಡತಿ ವಿಷಯವನ್ನು ಪೂರ್ತಿ ಕೇಳಿಸಿಕೊಂಡರು. ಹೊಸಬಳಿಗೆ ಕೊಟ್ಟ ಮಾತನ್ನು ತಾನು ಮುರಿಯುವಂತಿಲ್ಲವೆಂದರು. ಮಧ್ಯಾಹ್ನದವರೆಗೆ ಕುರ್ಚಿ ಅಕ್ಕನದು, ಆಮೇಲೆ ಹೊಸಬಳದು. ಗಿರಾಕಿಗಳು ಮರಳಿ ಕೇಳತೊಡಗಿದರೆ ಮುಂದಿನ ಮಾತು ಮುಂದೆ. ಅಕ್ಕ ಕೇಳಿದ್ದಕ್ಕಿಂತ ಅದು ಕಡಿಮೆ, ಭಯಪಟ್ಟಿದ್ದಕ್ಕಿಂತ ಬಹಳ ಹೆಚ್ಚು. ಅವಳು ವಕೀಲೆಯ ಕೂದಲನ್ನು ಒಣಗಿಸಿದಳು, ಮಧ್ಯಾಹ್ನದ ನಂತರ ಪರದೆಯ ಹಿಂದೆ ಹೋಗಿ ಸಂಜೆಯವರೆಗೆ ತಲೆಗಳನ್ನು ತೊಳೆದಳು.

ಮನೆಗೆ ಬಂದವಳು ಚೀಲವನ್ನು ಕೆಳಗಿಡುವ ಮೊದಲೇ ಎಲ್ಲವನ್ನೂ ಹೇಳಿ ಮುಗಿಸಿದಳು. ಭಾವ ಕೇಳಿ, "ಹಾಗಾದ್ರೆ ಆ ಡಬ್ಬಿಗಳನ್ನ ನಂಗೆ ಕೊಡಿ, ಗ್ಯಾರೇಜಲ್ಲಿ ಇಲಿ ಕಾಟ," ಎಂದರು. ತಂಗಿ, ಎಲ್ಲವನ್ನೂ ಬಿಡಬೇಕಿಲ್ಲ, ಸೆಂಟಿಲ್ಲದ್ದು ಸಿಗುತ್ತದೆ, ಬೇಕೆನಿಸಿದರೆ ರಾತ್ರಿ ಮಲಗುವ ಮುಂಚೆ ಒಣ ಚರ್ಮಕ್ಕೆ ತುಸು ಹಚ್ಚಿದರೆ ಸಾಕು ಎಂದು ವಿವರಿಸಲು ಹೊರಟಳು. ಅಕ್ಕ ಕೈಯೆತ್ತಿ ತಡೆದಳು.

"ಆಮೇಲೆ ಹೇಳುವೆಯಂತೆ. ಮೊದಲು ಇಲ್ಲಿ ಬಾ."

ತಂಗಿ ಹತ್ತಿರ ಬಂದಳು. ಅಕ್ಕ, ದಿನವಿಡೀ ದುಡಿದ ಅದೇ ಅಂಗಿಯಲ್ಲಿ, ಬಲತೋಳನ್ನು ತಲೆಯ ಮೇಲಕ್ಕೆ ಎತ್ತಿ ನಿಂತಳು.

"ನಿಜ ಹೇಳು. ಬರ್ತಿದೆಯಾ?"

ತಂಗಿ ಮೂಗನ್ನು ಹತ್ತಿರಕ್ಕೆ ಒಯ್ದು ಉಸಿರೆಳೆದಳು. ಈ ಬಾರಿ ಅವಳ ಮೂಗು ಯಾರ ಅಪ್ಪಣೆಯನ್ನೂ ಕೇಳಲಿಲ್ಲ. ಒಗೆದ ಹತ್ತಿಬಟ್ಟೆಯ ಹಿಂದೆ ಹುಳಿಯೂ ಉಪ್ಪೂ ಬೆರೆತ, ಬೆಚ್ಚಗಿನ, ದಣಿದ ಮೈಯ ವಾಸನೆಯೊಂದು ಇತ್ತು.

"ಬರ್ತಿದೆ," ಎಂದಳು. "ಸ್ವಲ್ಪ."

"ಹ್ಞೂಂ," ಎಂದಳು ಅಕ್ಕ. ತೋಳು ಇಳಿಸಿ, ಹಗ್ಗದ ಮೇಲಿದ್ದ ಟವೆಲನ್ನು ಹೆಗಲಿಗೆ ಹಾಕಿಕೊಂಡು, ಒಲೆಯ ಮೇಲೆ ನೀರಿಡಲು ಗಂಡನಿಗೆ ಕೂಗಿ ಹೇಳಿ, ಬಚ್ಚಲುಮನೆಯತ್ತ ನಡೆದಳು.